ಎಮ್ಮೆಯ ಮುಂದೆ ಒಂದೂವರೆ ತಾಸು

ನಮ್ಮ ಅಕ್ಕನ ಗಂಡ ಮಾಮಾನಿಗೆ ಕ್ಯಾಮೆರಾ ಮಾರಿದವನ ಕೈ ಸೇದಿ ಹೋಗಲಿ ಎಂದು ಬನಹಟ್ಟಿಯ ಹತ್ತು ಬೀಗರಾದರೂ ಶಾಪ ಹಾಕಿದ್ದಾರೆ. ತಪ್ಪೆನ್ನಲಾರೆ. ಮದುವೆಯ ವಿಡಿಯೋಕ್ಕೆ ಕರೆದರೆ ಮಾಮಾ ಮಂಟಪದ ಹೊರಗೇ ಕೂತುಬಿಡುತ್ತಿದ್ದರು. ಕ್ಯಾಸೆಟ್ಟು ಹಾಕಿದರೆ ಮೊದಲಿನಿಂದ ಕೊನೆವರೆಗೆ ಬರೀ ಚಪ್ಪಲಿ.

"ಮದುಮಗ ಎಲ್ಲಿ ಅದಾನ್ರಿ?" ಎಂದರು ಹೆಣ್ಣಿನ ತಂದೆ.

"ಕಾಣವಲ್ಲನೇನ್ರಿ? ಎಡಕ್ಕ ಅದಾವಲ್ಲ, ಹೊಸಾ ಚಪ್ಪಲಿ."

"ಮತ್ತ ನನ್ನ ಮಗಳು?"

"ಬಲಕ್ಕ. ಈಗ ದೂರ ದೂರ ಅದಾವು. ತಡೀರಿ, ಊಟ ಆದಮ್ಯಾಲ ಹತ್ರ ಬರ್ತಾವು."

ಅಣೆಕಟ್ಟಿನ ಹಿನ್ನೀರು ಬೀಳಗಿ ಕಡೆಯ ಊರುಗಳಿಗೆ ನುಗ್ಗಿದ ವರ್ಷ ಟಿವಿಯವರು ಮುಳುಗುವ ಗುಡಿ, ಅಳುವ ಜನ ತೋರಿಸಿದರು. ಮಾಮಾ? ನೀರಂಚಿನಲ್ಲಿ ನಿಂತ ಒಂದು ಎಮ್ಮೆಯನ್ನು ಒಂದೂವರೆ ತಾಸು ಕ್ಯಾಮೆರಾದಲ್ಲಿ ಹಿಡಿದು ತಂದರು. ಬಾಲ ಎರಡು ಸಲ ಆಡಿತು.

"ಮಾಮಾ, ಎಮ್ಮಿ ಅಳ್ಳಾಡವಲ್ದಲ್ರಿ."

"ಎಮ್ಮಿ ಯಾಕ ನೋಡ್ತಿಲೇ? ಮೊದಲ ಗೊರಸು ಕಾಣತಿದ್ದು. ಈಗ ಕಾಣ್ತಾವೇನು?"

ಮತ್ತೊಮ್ಮೆ ಮೊದಲಿನಿಂದ ನೋಡಿದೆ. ಈ ಸಲ ಎಮ್ಮೆಯನ್ನಲ್ಲ, ನೀರನ್ನು.

ಹೋದ ವರ್ಷ ಮಾಮಾ ತೀರಿಕೊಂಡರು. ಅಕ್ಕ ಕ್ಯಾಸೆಟ್ಟಿನ ಟ್ರಂಕನ್ನು ನನ್ನ ಮುಂದಿಟ್ಟಳು. "ಇವೆಲ್ಲಾ ಕೂಡಿಸಿ ಒಂದ ಸಿನೆಮಾ ಮಾಡೋ ತಮ್ಮಾ. ಪುಣ್ಯತಿಥಿ ದಿನಾ ಅವರು ಒಮ್ಮೆ ಕಂಡ್ರ ಸಾಕು ನನಗ."

ನಾನು ನಾಲ್ಕನೇ ಇಯತ್ತೆಗೇ ಸಾಲೆ ಬಿಟ್ಟವನು. ಆದರೆ ಮಗ್ಗದಲ್ಲಿ ಹರಿದ ಎಳೆಯನ್ನು ಗುರುತು ಸಿಗದಂತೆ ಕೂಡಿಸುವವನು. ಸಿನೆಮಾ ಏನು ಮಹಾ? ಸ್ಟುಡಿಯೋದವನ ಪಕ್ಕ ಎಂಟು ದಿನ ಕೂತೆ. ಒಂದರಲ್ಲೂ ಮಾಮಾ ಇಲ್ಲ. ಕ್ಯಾಮೆರಾ ಇನ್ನೊಬ್ಬರ ಕೈಗೆ ಕೊಟ್ಟಿದ್ದರೆ ತಾನೇ! ಇದ್ದವರೆಲ್ಲ ಅವರಿಗೆ ಬೈಯುವವರೇ. ಬೀಗರು ಬೈದಿದ್ದಾರೆ, ಅಡುಗೆಯವರು ಸೌಟು ಎತ್ತಿದ್ದಾರೆ, ಬೀಳಗಿ ಬಸ್ಸಿನ ಕಂಡಕ್ಟರ್ "ಮಾರಿ ಮುಂದಿಂದ ಕ್ಯಾಮೆರಾ ತಗೀ ಮಾರಾಯಾ" ಎಂದಿದ್ದಾನೆ. ಬೇರೆ ದಾರಿ ಕಾಣದೆ ಬೈಗುಳಗಳನ್ನೇ ಕೂಡಿಸಿದೆ.

ಪುಣ್ಯತಿಥಿಗೆ ಬಂದವರು ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ಮಾತ್ರ ಅಕ್ಕನ ಮುಖ ನೋಡುವ ಧೈರ್ಯ ಇರಲಿಲ್ಲ.

ಕೊನೆಯಲ್ಲಿ ಪರದೆಯ ಮೇಲೆ ಅಕ್ಕನೇ ಬಂದಳು. ಆಗಿನ್ನೂ ಹರೆಯದವಳು, ರೊಟ್ಟಿ ಬಡಿಯುತ್ತಿದ್ದಾಳೆ. "ಒಲಿ ಮುಂದ ಏನ ಐತ್ರಿ ನಿಮಗ?" ಎಂದು ಸಿಟ್ಟಿನಿಂದ ತಲೆ ಎತ್ತಿದವಳು, ಕ್ಯಾಮೆರಾದ ಹಿಂದಿನ ಮುಖ ನೋಡಿ ನಕ್ಕುಬಿಟ್ಟಳು. ಹಿಟ್ಟಿನ ಕೈ ಹಾಗೇ ನಿಂತಿತು.

"ಅವರು ಎಲ್ಲೂ ಸಿಗಲಿಲ್ಲ ಅಕ್ಕಾ," ಎಂದೆ ಮೆಲ್ಲಗೆ.

ಅಕ್ಕ ಪರದೆಯಿಂದ ಕಣ್ಣು ತೆಗೆಯಲಿಲ್ಲ.

"ಸುಮ್ನಿರು. ಕಂಡ್ರು."