ಸಾಗುವಾನಿ ಎಲೆಯ ಬಂಗುಡೆ

ನಮ್ಮ ಪಂಚಾಯ್ತಿಯಲ್ಲಿ ಪ್ಲಾಸ್ಟಿಕ್ ನಿಷೇಧ ಜಾರಿಯಾಗದೆ ಉಳಿದಿದ್ದಕ್ಕೆ ನಾನು ಮೆಂಬರ್ ಆಗದಿದ್ದದ್ದೇ ಕಾರಣ ಎಂದು ಪ್ರಾಮಾಣಿಕವಾಗಿ ನಂಬಿದ್ದೆ. ಕೊನೆಗೆ ಆದೆ. ಮೊದಲ ಸಭೆಯಲ್ಲೇ ಎದ್ದು ನಿಂತು, ಪ್ಲಾಸ್ಟಿಕ್ ಕವರ್ ಹಿಡಿದು ಸಿಕ್ಕಿಬಿದ್ದವರ ಫೋಟೋ ತೆಗೆದು ನೋಟಿಸ್ ಬೋರ್ಡಿಗೆ ಹಚ್ಚಬೇಕು ಎಂದು ಠರಾವು ಮಂಡಿಸಿದೆ. ಸರ್ವಾನುಮತದಿಂದ ಪಾಸಾಯಿತು. ತಾಲ್ಲೂಕಿನ ಸಾಹೇಬರ ಎದುರು ಊರಿಗೆಲ್ಲ ಪ್ರತಿಜ್ಞೆ ಬೋಧಿಸುವ ಗೌರವವೂ ನನಗೇ ಬಂತು. ಅದಕ್ಕೆಂದೇ ಹೊಸ ಬಿಳಿ ಪಂಚೆ ಇಸ್ತ್ರಿ ಮಾಡಿಸಿದೆ.

ಪ್ರತಿಜ್ಞೆಯ ದಿನ ಬೆಳಗ್ಗೆ ಅದನ್ನೇ ಉಟ್ಟು ಹೊಸನಗರಕ್ಕೆ ಹೊರಟಾಗ ಹೆಂಡತಿ ಸರೋಜ ಮುಚ್ಚಳದ ಸ್ಟೀಲ್ ಡಬ್ಬಿ ತಂದು ಎದುರಿಗೆ ಹಿಡಿದಳು.

"ಬರೋವಾಗ ಬಂಗುಡೆ ತನ್ನಿ. ಇದ್ರಲ್ಲೇ ಹಾಕಿಸ್ಕಳಿ."

"ಮೆಂಬರ್ ಆದೋನು ಡಬ್ಬಿ ಹಿಡ್ಕಂಡು ಬಸ್ ಹತ್ತದೇನೆ? ಹಾಲು ಮಾರೋನು ಅಂದ್ಕಳ್ತಾರೆ."

"ನಿಮ್ಮಿಷ್ಟ," ಎಂದಳು. ಮದುವೆಯಾಗಿ ಇಪ್ಪತ್ತು ವರ್ಷವಾದರೂ ಈ ಮಾತಿನ ಪೂರ್ತಿ ಅರ್ಥ ನನಗೆ ಆಗಿರಲಿಲ್ಲ.

ಮೀನಿನಂಗಡಿಯ ಬಾಬಣ್ಣನ ಕೈ ಅಭ್ಯಾಸಬಲದಿಂದ ಕಪ್ಪು ಕವರಿನ ಕಡೆ ಹೋಯಿತು. ತಡೆದೆ. ನಮ್ಮಜ್ಜ ಸಾಗುವಾನಿ ಎಲೆಯಲ್ಲಿ ಮೀನು ಕಟ್ಟಿಸಿಕೊಂಡು ಬರುತ್ತಿದ್ದುದನ್ನು ಕುರಿತು ಒಂದು ಚಿಕ್ಕ ಭಾಷಣ ಮಾಡಿ, ಅಂಗಡಿಯ ಹಿಂದಿನ ಮರದಿಂದ ನಾನೇ ನಾಲ್ಕು ಎಲೆ ಕಿತ್ತು ತಂದೆ.

"ಚಿಗುರು ತಂದೀರಲ್ಲ ಮೆಂಬರ್ರೇ. ಬಣ್ಣ ಬಿಡ್ತದೆ. ಬಲಿತಿದ್ದು ತನ್ನಿ."

"ಮಡಚಕ್ಕೆ ಇದೇ ಮೆತ್ತಗೈತೆ. ಕಟ್ಟಯ್ಯ ನೀನು."

ಪೊಟ್ಟಣವನ್ನು 'ಪ್ಲಾಸ್ಟಿಕ್ ಬಿಡಿ' ಎಂದು ಅಚ್ಚಾಗಿದ್ದ ಬಟ್ಟೆ ಚೀಲದಲ್ಲಿಟ್ಟು, ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಬಸ್ಸಿನಲ್ಲಿ ಕೂತೆ. ಪ್ರತಿಜ್ಞೆಯನ್ನು ಬಾಯಿಪಾಠ ಮಾಡುತ್ತ ಕಣ್ಣು ಮುಚ್ಚಿದ್ದೆ. ಪಕ್ಕದ ಹೆಂಗಸು ಕಿರುಚಿದಾಗ ಕಣ್ಣು ಬಿಟ್ಟೆ.

"ಅಯ್ಯೋ, ಇವ್ರಿಗೆ ರಕ್ತ ಹೋಗ್ತಾ ಐತೆ!"

ಮೀನಿನ ನೀರಿಗೆ ಚಿಗುರೆಲೆಯ ಕೆಂಪು ಸೇರಿ ಚೀಲ ದಾಟಿ, ಪಂಚೆ ತೋಯಿಸಿ, ಸೀಟಿನ ಕೆಳಗೆ ಹರಿಯುತ್ತಿತ್ತು. ಕಂಡಕ್ಟರ್ ಸೀಟಿ ಊದಿ ಬಸ್ ನಿಲ್ಲಿಸಿದ.

"ರಕ್ತ ಅಲ್ಲ, ಬಂಗುಡೆ," ಎಂದೆ. ಯಾರೂ ನಂಬಲಿಲ್ಲ. ಕಂಡಕ್ಟರ್ ಮೂಸಿ ನೋಡಿ ನಂಬಿದ. ನಂಬಿದ ಮೇಲೆ ಸಿಟ್ಟಾದ. ತನ್ನ ಬ್ಯಾಗಿನಿಂದ ದೊಡ್ಡದೊಂದು ಪ್ಲಾಸ್ಟಿಕ್ ಕವರ್ ತೆಗೆದು, ಚೀಲವನ್ನು ಅದರೊಳಗೆ ತುರುಕಿ ಗಂಟು ಹಾಕಿ ನನ್ನ ಕೈಗೆ ಕೊಟ್ಟ.

"ಇದು ಬಿಚ್ಚಿದ್ರೆ ಕಾಡಲ್ಲೇ ಇಳಿಸ್ತೀನಿ ನೋಡಿ."

ಬಸ್ ನಿಂತದ್ದು ಪಂಚಾಯ್ತಿ ಎದುರಿಗೇ. ಸಾಹೇಬರು ಗಡಿಯಾರ ನೋಡುತ್ತಿದ್ದರು, ಊರಿನವರು ಸಾಲಾಗಿ ನಿಂತಿದ್ದರು. ಕವರನ್ನು ಎಲ್ಲಾದರೂ ಇಡೋಣವೆಂದರೆ ಬಸ್ಸಿಳಿದಲ್ಲಿಂದಲೇ ಎರಡು ನಾಯಿ ಭಕ್ತಿಯಿಂದ ಹಿಂಬಾಲಿಸಿ ಬಂದಿದ್ದವು. ವಿಧಿಯಿಲ್ಲದೆ ಬಲಗೈ ಮುಂದೆ ಚಾಚಿ, ಎಡಗೈಯಲ್ಲಿ ಕವರನ್ನು ನಾಯಿಗೆ ಎಟುಕದಂತೆ ತಲೆಯೆತ್ತರಕ್ಕೆ ಹಿಡಿದು, ಕೆಂಪು ಪಂಚೆಯಲ್ಲಿ ಗಂಭೀರವಾಗಿ ಶುರುಮಾಡಿದೆ: "ನಾನು ಇಂದಿನಿಂದ ಪ್ಲಾಸ್ಟಿಕ್ ಕವರನ್ನು ಮುಟ್ಟುವುದಿಲ್ಲ..."

ಸಾಹೇಬರೇ ಮೊದಲು ನಕ್ಕರು. ಠರಾವಿನ ಪ್ರಕಾರ ಗುಮಾಸ್ತ ಫೋಟೋ ತೆಗೆದ.

ಮನೆಯಲ್ಲಿ ಸರೋಜ ಪಂಚೆಯನ್ನೂ ನನ್ನನ್ನೂ ಒಮ್ಮೆ ನೋಡಿ, ಮೀನು ಇಸಿದುಕೊಂಡು ಒಳಗೆ ಹೋದಳು. ಪಂಚೆಯ ಕೆಂಪು ಮೂರು ಸಲ ಒಗೆದರೂ ಹೋಗಲಿಲ್ಲ.

ನೋಟಿಸ್ ಬೋರ್ಡಿನಲ್ಲಿ ಇವತ್ತಿಗೂ ಇರುವುದು ಒಂದೇ ಫೋಟೋ. ಈಗ ಮೀನಿಗೆ ಡಬ್ಬಿ ಹಿಡಿದೇ ಹೋಗುತ್ತೇನೆ. ಮೊನ್ನೆ ಬಸ್ಸಿನಲ್ಲಿ ಅಜ್ಜಿಯೊಬ್ಬರು ಡಬ್ಬಿ ನೋಡಿ ಕೇಳಿದರು:

"ಹಾಲು ಉಳಿದೈತೇನಪ್ಪ?"