ದೆವ್ವವಿದೆಯೆಂದು ಬರೆದುಕೊಟ್ಟದ್ದು

ದೇವರನ್ನು ಹುಡುಕಿ ಹೋದವರಿಗೆ ದೇವರು ಸಿಗುತ್ತಾನೋ ಇಲ್ಲವೋ, ದೆವ್ವ ಹುಡುಕಿ ಹೋದ ನನಗಂತೂ ಹೋದಲ್ಲೆಲ್ಲ ಮನುಷ್ಯರೇ ಸಿಕ್ಕರು.

ಪ್ಲೇಗಿಗೆ ಹೆದರಿ ಊರು ಬಿಟ್ಟು ಹೊಲದ ಗುಡಿಸಲು ಸೇರಿದ್ದ ಜನ, ಮಾರಿ ಇಳಿದ ಮೇಲೂ ಮನೆಗೆ ಮರಳಲು ಒಲ್ಲೆವೆಂದರು. ಅಲ್ಲಿ ದೆವ್ವ, ಇಲ್ಲಿ ಪಿಶಾಚಿ ಎಂದು ನಂಜನಗೂಡಿನ ತಾಲ್ಲೂಕು ಕಚೇರಿಗೆ ಅರ್ಜಿಯ ಮೇಲೆ ಅರ್ಜಿ. ಅಮಲ್ದಾರರು ಗುಮಾಸ್ತನಾದ ನನ್ನನ್ನು ಕರೆದು, "ನೀವು ದಿನಾ ಕಪಿಲೆಯಲ್ಲಿ ಮುಳುಗಿ ವಿಭೂತಿ ಧರಿಸೋರು. ದೆವ್ವ ನಿಮಗೇನೂ ಮಾಡೊಲ್ಲ. ಮಾಡಿದರೂ ಕಚೇರಿಗೆ ನಷ್ಟವಿಲ್ಲ. ಹೋಗಿ ನೋಡಿ, ಇದೆಯೋ ಇಲ್ಲವೋ ಬರೆದುಕೊಡಿ" ಎಂದರು. ಕಂಡದ್ದನ್ನೇ ಬರೆಯುತ್ತೇನೆ, ಸುಳ್ಳು ಬರೆಯೆನು ಎಂದು ಶ್ರೀಕಂಠೇಶ್ವರನ ಮುಂದೆ ಮಾತು ಕೊಟ್ಟು ಹೊರಟೆ.

೧. ಬಾವಿಯ ಮೋಹಿನಿ

ತಾಂಡವಪುರದಾಚೆಯ ಪಾಳುಬಾವಿಯಲ್ಲಿ ನಡುಮಧ್ಯಾಹ್ನ ಮೋಹಿನಿ ಅಳುತ್ತದೆ ಎಂದು ದೂರು. ಪಂಚಾಕ್ಷರಿ ಜಪಿಸುತ್ತ ಹೋದೆ. ಅಳು ಕೇಳಿಸಿತು. ಬಗ್ಗಿ ನೋಡಿದರೆ, ಮೆಟ್ಟಿಲ ಮೇಲೆ ಯಾರದೋ ಮನೆಯ ಸೊಸೆ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದಾಳೆ.

"ಯಾಕಮ್ಮ ಇಲ್ಲಿ?"

"ಮನೇಲಿ ಅಳಕ್ಕೆ ಪುರ್ಸೊತ್ತೆಲ್ಲೈತೆ ಬುದ್ಧಿ? ನೀವು ದೆವ್ವ ಐತೆ ಅಂತ್ಲೇ ಬರ್ಕಳಿ. ಇಲ್ಲ ಅಂದ್ರೆ ನಮ್ಮತ್ತೆ ಇಲ್ಗೂ ಬತ್ತಾಳೆ."

ಕೊಟ್ಟ ಮಾತು ಮುರಿಯಲಾರದೆ "ದೆವ್ವವಿಲ್ಲ" ಎಂದು ಬರೆದೆ. ಊರಲ್ಲಿ ತಮಟೆ ಹೊಡೆದು ಸಾರಿದರು. ಮರುವಾರ ಆ ದಾರಿಯಲ್ಲಿ ಬಂದಾಗ ಬಾವಿಕಟ್ಟೆಯ ಮೇಲೆ ಅತ್ತೆ ಕಾಲು ಚಾಚಿ ಎಲೆಅಡಿಕೆ ಮೆಲ್ಲುತ್ತಿದ್ದಳು. "ಎಂತಾ ತಂಪು ಜಾಗ ತೋರ್ಸ್‌ಕೊಟ್ರಿ ಸ್ವಾಮಿ!" ಎಂದು ಕೈಮುಗಿದಳು.

೨. ವಕೀಲರ ಸೈನ್ಸು

ತಿರುಮಕೂಡಲು ನರಸೀಪುರದವರೂ ನನ್ನನ್ನು ಎರವಲು ಪಡೆದರು. ಅಲ್ಲೊಬ್ಬ ವಕೀಲರು. ಪ್ಲೇಗು ಬಂದಾಗ ತಾಯಿಯನ್ನು ಮನೆಯಲ್ಲೇ ಬಿಟ್ಟು ತಾವು ತೋಟಕ್ಕೆ ಓಡಿದ್ದರು. ಮುದುಕಿ ಒಂಟಿಯಾಗಿ ಅಲ್ಲೇ ತೀರಿಕೊಂಡಿದ್ದಳು. ಈಗ ಒಳಗಿನಿಂದ "ನೀರು, ನೀರು" ಎಂಬ ಕೂಗು ಕೇಳುತ್ತದಂತೆ.

"ನಾನು ದೆವ್ವಗಿವ್ವ ನಂಬೋನಲ್ಲ ಸ್ವಾಮೀ. ಇದು ಸೈನ್ಸಿನ ಕಾಲ" ಎಂದರು ವಕೀಲರು, ಬೀದಿಯ ಆಚೆ ಬದಿಯಲ್ಲಿ ನಿಂತು.

ನಾನು ಒಳಗೆ ಹೋದೆ. ಕೂಗು ಇರಲಿಲ್ಲ. ಹಾಸಿಗೆಯಿಂದ ಕೈಗೆಟುಕದಷ್ಟು ದೂರದಲ್ಲಿ ಒಂದು ತಂಬಿಗೆ ಇತ್ತು. ಅದಕ್ಕೆ ನೀರು ತುಂಬಿ, ಹಾಸಿಗೆಯ ಪಕ್ಕಕ್ಕೇ ಇಟ್ಟು, ನಮಸ್ಕರಿಸಿ ಹೊರಬಂದೆ.

"ಏನಾದ್ರೂ ಇತ್ತೇ?"

"ಏನೂ ಇಲ್ಲ."

"ನಾನು ಹೇಳಲಿಲ್ವೇ! ಸೈನ್ಸು!"

"ಹಾಗಾದರೆ ಒಳಗೆ ಬನ್ನಿ."

"ಇವತ್ತು ಅಮಾವಾಸ್ಯೆ ಅಲ್ವೇ" ಎಂದರು ವಕೀಲರು.

೩. ತಿಥಿಯಾದ ಮೇಲೆ ಬಂದವನು

ಬಿಳಿಗೆರೆ ಕಡೆಯ ಒಂದು ಹಳ್ಳಿ. ಹೆಂಡತಿ ಮೊದಲೇ ತೀರಿಹೋಗಿದ್ದ ಒಬ್ಬ ರೈತನಿಗೆ ಪ್ಲೇಗಿನ ಗಂಟೆದ್ದು, ರೋಗಿಗಳ ಕ್ಯಾಂಪಿಗೆ ಹೊತ್ತುಕೊಂಡು ಹೋಗಿದ್ದರು. ಅಲ್ಲಿಂದ ಆವರೆಗೆ ಯಾರೂ ಮರಳಿರಲಿಲ್ಲವಾದ್ದರಿಂದ ಪಟೇಲ ಅವನನ್ನೂ ಸತ್ತವರ ಪಟ್ಟಿಗೆ ಸೇರಿಸಿದ. ಅವನ ತಮ್ಮ ತಲೆ ಬೋಳಿಸಿಕೊಂಡು ತಿಥಿ ಮಾಡಿ, ಅಣ್ಣನ ಹೊಲ ಉಳತೊಡಗಿದ. ಎರಡು ತಿಂಗಳಿಗೆ ಅಣ್ಣ ನಡೆದುಕೊಂಡು ಬಂದ. "ದೆವ್ವ ಬಂದಿದೆ" ಎಂಬ ಅರ್ಜಿಯೂ ಬಂತು.

ನಾನು ಮುಟ್ಟಿ ನೋಡಿದೆ. ಮೈ ಬೆಚ್ಚಗಿತ್ತು. ಪಾದಗಳು ಮುಂದಕ್ಕೇ ಇದ್ದವು, ಹಿಮ್ಮಡಿ ಒಡೆದಿತ್ತು.

"ನಿಮ್ಮಣ್ಣ ಬದುಕಿದ್ದಾನಪ್ಪ" ಎಂದೆ.

"ಅದೆಂಗಾಯ್ತದೆ ಬುದ್ಧಿ? ಊರಿಗೆಲ್ಲಾ ತಿಥಿ ಊಟ ಆಕಿವ್ನಿ. ಉಂಡೋರ್ನೇ ಕೇಳಿ!" ಎಂದ ತಮ್ಮ.

ಉಂಡವರೆಲ್ಲ ತಲೆಯಾಡಿಸಿದರು. "ಪಾಯ್ಸ ಚೆಂದಾಗಿತ್ತು" ಎಂದ ಒಬ್ಬ.

"ಬದುಕಿದ್ದಾನೆ" ಎಂದೇ ಬರೆದು ಕಳಿಸಿದೆ. ಕಚೇರಿಯಿಂದ ಹುಕುಂ ಬಂತು: ಮೃತನು ಬದುಕಿರುವ ಬಗ್ಗೆ ಪಟೇಲರಿಂದ ದೃಢೀಕರಣ ತರತಕ್ಕದ್ದು. ಪಟೇಲನೋ, "ನನ್ ಬರವಣಿಗೆ ಸುಳ್ಳಾದ್ರೆ ಸರ್ಕಾರಾನೇ ಸುಳ್ಳಾಯ್ತದಲ್ಲ" ಎಂದ.

ಮತ್ತೆ ಹೋದಾಗ ಆ ರೈತ ಊರಾಚೆಯ ಹುಣಸೆಮರದಡಿ ಕೂತಿದ್ದ. ಹಣೆಯಲ್ಲಿ ಕಲ್ಲೇಟಿನ ಗಾಯ. ಮುಂದೆ, ಜನ ದೆವ್ವಕ್ಕೆಂದು ಇಟ್ಟು ಹೋದ ಎಡೆ.

"ಬುದ್ಧಿ, ದೆವ್ವ ಅಂತ್ಲೇ ಬರೀರಿ."

"ನಿನ್ನ ಮನೆ, ಹೊಲ ಬೇಡವೇನಯ್ಯ?"

"ಮನ್ಸ ಅಂತ ಮನೆತಕ್ಕೋದ್ರೆ ಕಲ್ಲು. ದೆವ್ವ ಅಂತ ಇಲ್ ಕುಂತ್ರೆ ಮುದ್ದೆ. ಬದ್ಕಿದ್ದಾಗ ನನ್ ತಮ್ಮ ಒಂದಿನಾ ಕೈಮುಗಿದವ್ನಲ್ಲ. ಈಗ ಅಡ್ಡಬೀಳ್ತಾನೆ."

ಬಾವಿಯ ಸೊಸೆ ನೆನಪಾದಳು. ಶ್ರೀಕಂಠೇಶ್ವರನಿಗೆ ಮನಸ್ಸಿನಲ್ಲೇ ತಪ್ಪೊಪ್ಪಿಕೊಂಡು ಬರೆದೆ: "ದೆವ್ವವಿರುವುದು ನಿಜ. ಅಮಾವಾಸ್ಯೆಗೊಮ್ಮೆ ಎಡೆ ಸಾಲದು, ದಿನಕ್ಕೆರಡು ಹೊತ್ತು ಇಡತಕ್ಕದ್ದು. ಕಲ್ಲೆಸೆದರೆ ದೆವ್ವವು ಎಸೆದವನ ಮನೆಗೇ ಬರುವ ಸಂಭವವಿದೆ." ನನ್ನ ವರದಿಗಳಲ್ಲಿ ಎಲ್ಲರೂ ಮರುಮಾತಿಲ್ಲದೆ ಒಪ್ಪಿದ್ದು ಇದೊಂದನ್ನೇ.

ಮರುವಾರ ದೇವಸ್ಥಾನದ ಪ್ರಸಾದ ಕೊಡಲೆಂದು ಹೋದೆ. ಎಲೆ ತುಂಬ ಮುದ್ದೆ, ಸಾರು. ಅವನ ಮುಖ ಮಾತ್ರ ಹುಳ್ಳಗಿತ್ತು.

"ಇನ್ನೇನಯ್ಯ ಕೊರತೆ?"

"ದೆವ್ವಕ್ಕೆ ಉಪ್ಪು ಆಗಕಿಲ್ಲ ಅಂತ ಎಲ್ಲಾ ಸಪ್ಪೇದೇ ಇಕ್ತಾವ್ರೆ ಬುದ್ಧಿ. ನೀವು ದೇವ್ರಂತೋರು. ಇದು ಉಪ್ಪು ತಿನ್ನೋ ಜಾತಿ ದೆವ್ವ ಅಂತ ಒಂದ್ಗೆರೆ ಸೇರ್ಸ್‌ಬುಡಿ."