ಜೀರಿಗೆ ಹಾಕದ ಸಾರು

ಎಲ್ಲ ಶುರುವಾದದ್ದು ಪಾಲಪ್ಪ ಕೇಳಿದ ಒಂದು ಪ್ರಶ್ನೆಯಿಂದ. "ನಿಮ್ದು ಯಾವ ಬೆಡಗಲಾ?" ಅಂದ. ಓಬಳರಾಜುವಿಗೆ ತನ್ನ ಬೆಡಗೇ ಗೊತ್ತಿರಲಿಲ್ಲ.

ನಿಡುಗಲ್ಲಿನ ಕಡೆ ಹೆಣ್ಣು ಕೇಳಲು ಹೋದವನಿಗೆ ಕೆಲಸ, ಜಮೀನು ಎಲ್ಲ ಆಮೇಲೆ. ಮೊದಲು ಕೇಳುವುದು ಬೆಡಗು, ಗೋತ್ರದ ಹಾಗೆ. ಒಂದೇ ಬೆಡಗಿನವರಾದರೆ ಅಣ್ಣತಮ್ಮಂದಿರು, ಹೆಣ್ಣು ಕೊಡುವಂತಿಲ್ಲ; ಬೇರೆಯವರಾದರೆ ನೆಂಟರು. ಪಾಲಪ್ಪನ ಮನೆಯವರು ಬೆಳ್ಳಿಯೋರು. ಬೆಳ್ಳಿ ಅವರಿಗೆ ದೇವರ ಸಮಾನ, ಹಾಗಾಗಿ ಆ ಮನೆಯ ಹೆಂಗಸರು ಅದನ್ನು ಕಾಲಿಗೆ ಹಾಕುವುದಿಲ್ಲ. ಇದು ತಿಳಿಯದೆ ಓಬಳರಾಜು ಪಾಲಪ್ಪನ ಮಗಳು ರಮ್ಯಶ್ರೀಗೆ ಮಧುಗಿರಿಯಿಂದ ಒಂದು ಜೊತೆ ಬೆಳ್ಳಿ ಕಾಲುಗೆಜ್ಜೆ ತಂದು, ಬೈಸಿಕೊಂಡು, ಅದನ್ನು ಡಬ್ಬಿಯ ಸಮೇತ ವಾಪಸು ತಂದು ಇಟ್ಟುಕೊಂಡಿದ್ದ.

ಅವನದು ಬೇರು ಸಿಗದ ವಂಶ. ತಾತ ಕ್ಯಾತಪ್ಪ ಏಳು ವರ್ಷದ ಹುಡುಗನಿದ್ದಾಗ ಯಾರದೋ ಕುರಿಹಿಂಡಿನ ಹಿಂದೆ ಈ ಊರಿಗೆ ಬಂದವನು. ನಿನ್ನ ಊರು ಯಾವುದು ಅಂದರೆ "ಆ ಕಡೆ" ಎಂದು ಕೈ ತೋರಿಸುತ್ತಿದ್ದನಂತೆ; ಕೈ ದಿನಕ್ಕೊಂದು ದಿಕ್ಕಿಗೆ ಹೋಗುತ್ತಿತ್ತಂತೆ. ಅವನಿಗೆ ಮಗಳು ಲಕ್ಷ್ಮಕ್ಕನನ್ನು ಕೊಟ್ಟ ಮಾವನಿಗೆ ಒಂಬತ್ತು ಹೆಣ್ಣುಮಕ್ಕಳು, ಬೆಡಗು ಕೇಳುತ್ತ ಕೂರುವ ಪುರಸೊತ್ತು ಇರಲಿಲ್ಲ. ಮುಂದೆ ಓಬಳರಾಜುವಿನ ಅಪ್ಪ ಸೋದರಮಾವನ ಮಗಳನ್ನೇ ಕಟ್ಟಿಕೊಂಡದ್ದರಿಂದ ಆಗಲೂ ಯಾರೂ ಕೇಳಲಿಲ್ಲ. ಪಕ್ಕದ ಮನೆಯ ರಾಮಾಂಜನೇಯ ಒಬ್ಬ ಮಾತ್ರ, ಬಸ್ ಕಂಡಕ್ಟರ್ ಕೆಲಸದಿಂದ ನಿವೃತ್ತನಾದ ಮೇಲೆ ಬೇರೆ ಕಸುಬಿಲ್ಲದೆ, ಸಿಕ್ಕಸಿಕ್ಕವರಿಗೆಲ್ಲ ಒಂದೇ ಮಾತು ಹೇಳುತ್ತಿದ್ದ: "ಕ್ಯಾತಪ್ಪ ಕುರಿ ಕದ್ಕೊಂಡು ಓಡ್ಬಂದೋನು ಕಣ್ರಪ್ಪ."

ಓಬಳರಾಜು ಸಾಕ್ಷ್ಯಚಿತ್ರ ಮಾಡುವವನು. ಸೋಲಾರ್ ಪಾರ್ಕಿನ ಫಲಕಗಳ ನಡುವೆ ಕುರಿ ಮೇಯಿಸುವವರ ಮೇಲೆ ಒಂದು, ಕಡಲೆಕಾಯಿ ಬಿಡಿಸುವ ಹೆಂಗಸರ ಮೇಲೆ ಒಂದು ಮಾಡಿದ್ದ. ಎರಡನೆಯದನ್ನು ದೂರದ ಒಂದು ಚಿತ್ರೋತ್ಸವದಲ್ಲಿ ಹನ್ನೊಂದು ಜನ ನೋಡಿದ್ದರು. ಅವರಲ್ಲಿ ನಾಲ್ವರು ಮುಂದಿನ ಸಿನಿಮಾಕ್ಕೆ ಸೀಟು ಹಿಡಿಯಲು ಬಂದವರು. ಊರಿನಲ್ಲಿ ಎಲ್ಲರೂ ಅವನನ್ನು ಕೇಳುತ್ತಿದ್ದದ್ದು, "ಮದುವೆ ವಿಡಿಯೊ ಮಾಡ್ತೀಯೇನ್ಲಾ?" ಎಂದು. ಅವನಿಗೆ ಮೈಯೆಲ್ಲ ಉರಿಯುತ್ತಿತ್ತು. "ನಾನು ಸತ್ಯ ತೆಗೆಯೋನು. ಮದುವೆ ವಿಡಿಯೊ ಜನ್ಮದಲ್ಲಿ ಮಾಡೋದಿಲ್ಲ," ಎನ್ನುತ್ತಿದ್ದ.

ಬೆಡಗು ಗೊತ್ತಿಲ್ಲ ಎಂದಾಗ ಪಾಲಪ್ಪ ಮೀಸೆ ಸವರಿಕೊಂಡು ತೀರ್ಪು ಕೊಟ್ಟಿದ್ದ. "ಹೆಳವನ್ನ ಕರ್ಸು. ನಮ್ಮನೆ ಜಗಲಿ ಮೇಲೆ, ಊರೋರ ಮುಂದೆ ನಿಮ್ಮ ವಂಶ ಹೇಳ್ಲಿ. ಒಳ್ಳೆ ಮನೆ ಅಂತ ಗೊತ್ತಾದ್ರೆ ಹುಡ್ಗಿ ನಿಂದು. ಇಲ್ದಿದ್ರೆ ಸಿರಾದ ನವೀನ್ ಕುಮಾರ್ ಕಾಯ್ಕೊಂಡವ್ನೆ."

ಹೆಳವರು ಊರೂರು ತಿರುಗಿ ಮನೆಮನೆಯ ವಂಶಾವಳಿ ಹೇಳುವವರು. ಯಾರಿಗೆ ಯಾರು ಹುಟ್ಟಿದರು, ಯಾವ ಮನೆಗೆ ಹೆಣ್ಣು ಹೋಯಿತು, ಎಲ್ಲ ಅವರ ಪುಸ್ತಕದಲ್ಲಿರುತ್ತದೆ. ಅವರು ಹೇಳಿದ ಮೇಲೆ ಮುಗಿಯಿತು, ಎದುರು ಮಾತಿಲ್ಲ. ಈ ಕಡೆ ಹೆಳವರು ಬಂದು ಇಪ್ಪತ್ತು ವರ್ಷವಾಗಿತ್ತು. ಓಬಳರಾಜು ಆರು ತಿಂಗಳು ಅಲೆದು ಹೆಳವರ ತಿಮ್ಮರಾಜು ಎಂಬುವವನ ಫೋನ್ ನಂಬರು ಹಿಡಿದ. ವಂಶ ಹೇಳುವುದನ್ನೇ ಚಿತ್ರ ಮಾಡಿಬಿಡೋಣ, 'ನಾವು ಯಾರು' ಎಂದು ಹೆಸರಿಡೋಣ ಎಂದು ಉಬ್ಬಿಹೋದ. ಆ ದಿನ ಹತ್ತಿರ ಬಂದ ಹಾಗೆಲ್ಲ ಉಬ್ಬು ಇಳಿದು ಭಯ ಹತ್ತಿತು. ನಿಜವಾಗಿಯೂ ತಾತ ಕುರಿಕಳ್ಳನಾಗಿದ್ದರೆ?

ಹಿಂದಿನ ಸಂಜೆ ರಮ್ಯಶ್ರೀ ಫೋನ್ ಮಾಡಿದ್ದಳು. ವೈ.ಎನ್.ಹೊಸಕೋಟೆಯ ಕಂಪ್ಯೂಟರ್ ಅಂಗಡಿಯಲ್ಲಿ ಜನರ ಜಾತಿ, ಆದಾಯದ ಅರ್ಜಿಗಳನ್ನು ತುಂಬಿಕೊಡುವ ಅವಳಿಗೆ ಯಾರ ವಂಶದ ಬಗ್ಗೆಯೂ ಭಯಭಕ್ತಿ ಉಳಿದಿರಲಿಲ್ಲ. "ಹೆಳವ ಏನಾದ್ರೂ ಹೇಳ್ಕೊಳ್ಲಿ. ಕುರಿಕಳ್ಳ ಅಂದ್ರೂ ನಮ್ಮಪ್ಪನ್ನ ನಾನ್ ಒಪ್ಪಿಸ್ತೀನಿ. ನೀನು ಮಧ್ಯ ಬಾಯಿ ಹಾಕ್ಬೇಡ, ಅಷ್ಟು ಮಾಡು ಸಾಕು," ಅಂದಳು. ಅವನು ಹೂಂ ಅಂದ.

ಬೆಳಿಗ್ಗೆ ಐದಕ್ಕೆ ಎದ್ದವನು ಕ್ಯಾಮೆರಾ ಬ್ಯಾಟರಿಯನ್ನು ನಾಲ್ಕು ಸಲ ನೋಡಿದ, ಬಚ್ಚಲಿಗೆ ಐದು ಸಲ ಹೋದ. ಅಜ್ಜಿ ಲಕ್ಷ್ಮಕ್ಕ ಒಲೆಯ ಮುಂದೆ ಸಾರು ಕೂಡಿಡುತ್ತಿದ್ದಳು. ಹೊತ್ತು ಹೋಗಲಿ ಎಂದು ಅವಳನ್ನೇ ಚಿತ್ರ ಮಾಡತೊಡಗಿದ.

"ಮೆಣಸು, ಕೊತ್ತಂಬರಿ, ಬೆಳ್ಳುಳ್ಳಿ," ಎಂದು ಅಜ್ಜಿ ಕ್ಯಾಮೆರಾಗೆ ಪಾಠ ಹೇಳಿದಳು. "ಜೀರಿಗೆ ಮಾತ್ರ ನಮ್ಮನ್ಯಾಗೆ ಹಾಕಂಗಿಲ್ಲ ಮಗಾ. ನಿಮ್ಮ ತಾತ ಮುಟ್ತಿರ್ಲಿಲ್ಲ. ನಂಗೋ, ನಮ್ಮಪ್ಪನ ಮನೆ ಜೀರಿಗೆ ಸಾರಂದ್ರೆ ಪ್ರಾಣ. ಏನ್ಮಾಡೋದು, ಅರವತ್ತು ವರ್ಷ ಆತು."

ತಾತನಿಗೆ ಹೊಟ್ಟೆಗೆ ಆಗುತ್ತಿರಲಿಲ್ಲವೇನೋ, ವಂಶದ ಚಿತ್ರದಲ್ಲಿ ಅಡುಗೆಮನೆ ಕತೆ ಯಾಕೆ ಎಂದುಕೊಂಡು ಓಬಳರಾಜು ಆ ತುಣುಕನ್ನು ಅಲ್ಲೇ ಅಳಿಸಿದ.

ಹೊರಗೆ ರಾಮಾಂಜನೇಯ ಹೊಸ ಪಂಚೆ ಉಟ್ಟು ಕಾಂಪೌಂಡಿಗೆ ಒರಗಿ ನಿಂತಿದ್ದ. "ಏಮಪ್ಪಾ ಓಬುಳು, ಇವತ್ತು ಕುರಿ ವಿಷ್ಯ ಬತ್ತೈತಾ? ರಾಯಚರ್ಲಿನಾಗಿರೋ ನಮ್ಮ ಷಡ್ಡಕನ್ಗೂ ಹೇಳಿದೀನಿ. ಅವ್ನು ಇನ್ನೂ ಎಂಟು ಜನನ್ನ ಕರ್ಕೊಂಡ್ ಬತ್ತವ್ನೆ."

ಓಬಳರಾಜುವಿಗೆ ಎಲ್ಲರ ಮುಂದೆ, ರಮ್ಯಶ್ರೀಯ ಮುಂದೆ, ತಾನೇ ಇಟ್ಟ ಕ್ಯಾಮೆರಾದ ಮುಂದೆ, "ಕಳ್ಳನ ಮೊಮ್ಮಗ" ಎಂಬ ಮಾತು ಬೀಳುವುದು ಕಣ್ಣಿಗೆ ಕಟ್ಟಿತು. ಮನೆಯೊಳಗೆ ಹೋಗಿ ಕಾಲುಗೆಜ್ಜೆಯ ಡಬ್ಬಿಯನ್ನು ಜೇಬಿಗಿಳಿಸಿ, ಯಾರಿಗೂ ಹೇಳದೆ, ಹೆಳವ ಬಂದು ಕಾಯುತ್ತೇನೆಂದಿದ್ದ ಹೊಸಕೋಟೆ ರಸ್ತೆಯ ಟೀ ಅಂಗಡಿಗೆ ಓಡಿದ.

ಹೆಳವರ ತಿಮ್ಮರಾಜು ಮೊಪೆಡ್ ನಿಲ್ಲಿಸಿಕೊಂಡು ಬನ್ನು ತಿನ್ನುತ್ತಿದ್ದ. ಹಿಂದೆ ಇವರು ಎತ್ತಿನ ಮೇಲೆ ಬರುತ್ತಿದ್ದರು. ಈಗ ಎತ್ತಿನ ಗಂಟೆ ಮೊಪೆಡ್ಡಿನ ಹ್ಯಾಂಡಲಿಗೆ ಬಂದಿತ್ತು.

"ನಮ್ ತಾತ ಕ್ಯಾತಪ್ಪ ನಿಮ್ಮ ಪುಸ್ತಕದಲ್ಲಿ ಅವ್ರಾ?" ಓಬಳರಾಜು ಪಿಸುಗುಟ್ಟಿದ.

"ಅವ್ರೆ ಸಾಮಿ. ಹುಡುಕಿಟ್ಟಿವ್ನಿ. ಓದ್ಲಾ?" ಹೆಳವ ಬಟ್ಟೆಗಂಟು ಬಿಚ್ಚತೊಡಗಿದ.

"ಬ್ಯಾಡ, ಬ್ಯಾಡ." ಓಬಳರಾಜು ಗಂಟಿನ ಮೇಲೆ ಎರಡೂ ಕೈ ಇಟ್ಟ. "ಅದ್ನ ಬಿಟ್ಬುಡಿ. ನಿಮ್ಮ ಪುಸ್ತಕದಲ್ಲಿ ಎಲ್ಲಕ್ಕಿಂತ ದೊಡ್ಡ ಮನೆ ಯಾವ್ದೋ, ನಮ್ ತಾತನ್ನ ಅಲ್ಲಿಗೆ ಸೇರಿಸ್ಬುಡಿ."

"ಅಂಗೆಲ್ಲ ಸೇರ್ಸಂಗಿಲ್ಲ ಸಾಮಿ. ವಂಶ ಅದು."

"ಸಿನಿಮಾಕ್ಕೆ, ಅಷ್ಟೇ." ಓಬಳರಾಜು ಜೇಬಿನ ಡಬ್ಬಿಯನ್ನು ಅವನ ಕೈಗಿಟ್ಟ.

ಹೆಳವ ಯೋಚಿಸಿದ. ಗೆಜ್ಜೆಯ ಡಬ್ಬಿ ತೆರೆದು ನೋಡಿ ಮತ್ತೆ ಯೋಚಿಸಿದ. "ಸಿನಿಮಾಕ್ಕಾದ್ರೆ ಆಯ್ತು ಬುಡಿ. ಒಂದ್ ಮನೆ ಐತೆ. ಕೋಟೆ ಬಾಗ್ಲು ಕಾಯ್ದೋರು, ಆನೆ ಮೇಲೆ ಕುಂತೋರು. ಅದ್ರಾಗೆ ಒಬ್ಬ ಮಗ ದಂಡಿಗೆ ಹೋದೋನು ಬರ್ಲೇ ಇಲ್ಲ. ಅವ್ನ ಹೆಸ್ರಿನ ಕೆಳ್ಗೆ ಜಾಗ ಖಾಲಿ ಐತೆ. ಆ ಮನೆ ಯಾವ್ದು ಅಂದ್ರೆ…"

"ಹೇಳ್ಬೇಡಿ," ಅಂದ ಓಬಳರಾಜು. ಭಯದ ನಡುವೆಯೂ ಅವನ ಕಸುಬು ಎದ್ದು ಕೂತಿತು. "ನಾನು ಕ್ಯಾಮೆರಾ ಮುಂದೇನೇ ಮೊದಲ ಸಲ ಕೇಳ್ಬೇಕು. ಮುಖದ ಮೇಲೆ ಬರೋದು ನಿಜವಾಗಿರ್ಬೇಕು. ಅದಿಲ್ದಿದ್ರೆ ಅದು ಸಾಕ್ಷ್ಯಚಿತ್ರ ಅಲ್ಲ."

ಹೆಳವ ಅವನನ್ನು ನೋಡುತ್ತ ಬನ್ನಿನ ಉಳಿದ ತುಂಡನ್ನು ಬಾಯಿಗೆ ಹಾಕಿಕೊಂಡ.

ಹನ್ನೊಂದು ಗಂಟೆಗೆ ಪಾಲಪ್ಪನ ಜಗಲಿಯ ಮುಂದೆ ಕಾಲಿಡಲು ಜಾಗವಿರಲಿಲ್ಲ. ರಾಮಾಂಜನೇಯನ ಷಡ್ಡಕ ಎಂಟಲ್ಲ, ಹದಿನಾಲ್ಕು ಜನರನ್ನು ತಂದಿದ್ದ. ಓಬಳರಾಜು ಕ್ಯಾಮೆರಾವನ್ನು ಸ್ಟ್ಯಾಂಡಿಗೆ ಹಾಕಿ, ಹೆಳವನೂ ತಾನೂ ಕಾಣುವ ಹಾಗೆ ತಿರುಗಿಸಿ ಬಂದು ಕೂತ. ಕೂತ ಕೂಡಲೇ ರಾಮಾಂಜನೇಯ ಎದ್ದುಬಂದು, ಧೂಳಾಗಿದೆ ಎಂದು ಲೆನ್ಸನ್ನು ಹೆಗಲ ಟವೆಲಿನಿಂದ ಒರೆಸಿದ. ಓಬಳರಾಜು ಹೋಗಿ ಸರಿಮಾಡಿ ಬಂದ. ಅವನು ಮತ್ತೆ ಒರೆಸಿದ. ಮೂರನೆಯ ಸಲ ಪಾಲಪ್ಪನೇ ಗದರಿಸಿ ಕೂರಿಸಿದ.

ರಮ್ಯಶ್ರೀ ಬಾಗಿಲ ಬಳಿ ನಿಂತಿದ್ದಳು. ಹೆದರಬೇಡ ಎನ್ನುವಂತೆ ಕಣ್ಣಲ್ಲೇ ಸನ್ನೆ ಮಾಡಿದಳು. ಅವನಿಗೆ ಇನ್ನಷ್ಟು ಹೆದರಿಕೆಯಾಯಿತು. ಹೆಳವ ಇಡೀ ಸುಳ್ಳು ಮರೆತು ನಿಜವನ್ನೇ ಹೇಳಿಬಿಟ್ಟರೆ? ಕುರಿಗಳ ಸಂಖ್ಯೆಯನ್ನೂ ಹೇಳಿಬಿಟ್ಟರೆ?

ಹೆಳವ ಗಂಟೆ ಆಡಿಸಿ, ಕಿವಿಯ ಮೇಲೆ ಕೈಯಿಟ್ಟು ದನಿ ಎತ್ತಿದ. ಕೋಟೆ ಬಂತು. ಕೋಟೆಯ ಬಾಗಿಲು ಬಂತು. ಬಾಗಿಲಿಗೆ ಎದೆ ಕೊಟ್ಟು ನಿಂತ ಅಣ್ಣತಮ್ಮಂದಿರು ಬಂದರು. ಒಂದೊಂದು ಹೆಸರಿಗೂ ಓಬಳರಾಜುವಿನ ಬೆನ್ನು ಅಷ್ಟಷ್ಟು ನೆಟ್ಟಗಾಯಿತು. ಆನೆ ಬರುವ ಹೊತ್ತಿಗೆ ರಾಮಾಂಜನೇಯನ ಮುಖ ಸಣ್ಣದಾಗಿತ್ತು. ಪಾಲಪ್ಪ ಮುಂದೆ ಬಾಗಿ ಕೂತಿದ್ದ, ಅವನ ಕಣ್ಣಲ್ಲಿ ನೀರು. ಮಾವ ಕರಗಿಬಿಟ್ಟ ಎಂದು ಓಬಳರಾಜುವಿನ ಎದೆ ಬೆಳಗಿನಿಂದ ಮೊದಲ ಬಾರಿಗೆ ಹಗುರವಾಯಿತು.

"ದಂಡಿಗೆ ಹೋದ ಮಗ ದಾರಿ ತಪ್ಪಿ ಹೋದ, ಅವನ ಹೊಟ್ಟೇಲಿ ಹುಟ್ಟಿದ ಕುಡಿ ಕುರಿ ಹಿಂದೆ ಬಂದ. ಬೆಳ್ಳಿಯೋರ ಮನೆ ಕ್ಯಾತಪ್ಪ ಅವ್ನು, ಬೆಳ್ಳಿಯೋರ ಮೊಮ್ಮಗ ಓಬಳರಾಜು ಇವ್ನು," ಎಂದು ಹೆಳವ ಗಂಟೆ ಬಾರಿಸಿದ.

ಓಬಳರಾಜು ಬಯಸಿದ ನಿಜವಾದ ಮುಖ ಆ ಕ್ಷಣ ಕ್ಯಾಮೆರಾಗೆ ಸಿಕ್ಕಿತು. ಬಾಯಿ ತೆರೆದಿತ್ತು, ಅದನ್ನು ಮುಚ್ಚುವುದು ಅವನಿಗೆ ಮರೆತುಹೋಗಿತ್ತು.

ಪಾಲಪ್ಪ ಎದ್ದುಬಂದು ಅವನನ್ನು ತಬ್ಬಿಕೊಂಡ. "ನಮ್ಮ ದಂಡಿಗೆ ಹೋದ ಅಜ್ಜನ ಕುಡಿ. ಇಷ್ಟ್ ವರ್ಷ ಎದುರು ಬೀದೀಲೇ ಇದ್ದು ಗೊತ್ತಾಗ್ಲಿಲ್ವಲ್ಲೋ ಮಗನೇ."

"ಮಾವ, ಅದು…"

"ಮಾವ ಅಲ್ಲ ಕಣ್ಲಾ. ದೊಡ್ಡಪ್ಪ."

ಜನ ಚಪ್ಪಾಳೆ ತಟ್ಟಿದರು. ಲಕ್ಷ್ಮಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡಳು. ಸುಳ್ಳು ಎಂದು ಕೂಗಿಬಿಡಲು ಓಬಳರಾಜುವಿನ ನಾಲಿಗೆ ಒದ್ದಾಡಿತು. ಕೂಗಿದರೆ ವಂಶವನ್ನು ಕೊಂಡುಕೊಂಡವನು ಎಂದು ಅದೇ ಜಗಲಿಯಿಂದ ಇಳಿಸಿ ಕಳಿಸುತ್ತಿದ್ದರು. ಅವನು ರಮ್ಯಶ್ರೀಯ ಕಡೆ ನೋಡಿದ. ಅವಳು ನೋಡುತ್ತಿದ್ದದ್ದು ಹೆಳವನ ಚೀಲವನ್ನು. ಅದರ ಬಾಯಿಯಿಂದ ಮಧುಗಿರಿ ಗೆಜ್ಜೆಯ ಕೆಂಪು ಡಬ್ಬಿ ಇಣುಕುತ್ತಿತ್ತು.

"ಬಾರಮ್ಮ ರಮ್ಯಾ, ಅಣ್ಣನ ಕಾಲಿಗೆ ಬೀಳು," ಅಂದ ಪಾಲಪ್ಪ.

ಅವಳು ಬಂದಳು, ಬಾಗಿದಳು. ಏಳುವಾಗ ಅವನಿಗೊಬ್ಬನಿಗೇ ಕೇಳುವ ಹಾಗೆ ಹೇಳಿದಳು: "ಬಾಯಿ ಹಾಕ್ಬೇಡ ಅಂದಿದ್ದೆ. ಒಳ್ಳೇದಾಗ್ಲಿ ಅಂತ ಹರಸು, ಅಣ್ಣಾ." ಅವಳ ಕಣ್ಣು ತುಂಬಿತ್ತು. ಅವನ ಕೈ ತಾನಾಗಿ ಹೋಗಿ ಅವಳ ತಲೆಯ ಮೇಲೆ ಕೂತಿತು.

ಊರ ಹೊರಗೆ ಹೆಳವನ ಮೊಪೆಡ್ಡಿಗೆ ಅಡ್ಡ ನಿಂತಾಗ ಅವನಿಗೆ ಏದುಸಿರು. "ವಾಪಸ್ ಬಂದು ಸುಳ್ಳು ಅಂತ ಹೇಳಿ."

"ಹೆಳವನ ಬಾಯಾಗೆ ಒಂದ್ಸಲ ಬಂದ್ಮೇಲೆ ಬಂತು ಸಾಮಿ. ಸುಳ್ಳಂದ್ರೆ ನಾಳೆಯಿಂದ ನಂಗೆ ಯಾರು ಒಂದು ಹಿಡಿ ಕಾಳು ಹಾಕ್ತಾರೆ? ಹೆಣ್ಣಿನ ಮಾತು ಐತೆ ಅಂತ ಒಂದು ಮಾತು ಅಂದಿದ್ರೆ ಆಗಿರೋದು. ನೀವು ಸಿನಿಮಾ ಅಂದ್ರಿ."

ಓಬಳರಾಜು ರಸ್ತೆಯಂಚಿನ ಕಲ್ಲಿನ ಮೇಲೆ ಕೂತುಬಿಟ್ಟ. ಹೆಳವನಿಗೆ ಕನಿಕರ ಬಂದಿರಬೇಕು. ಪುಸ್ತಕ ಬಿಚ್ಚಿ, ಬೆಳಿಗ್ಗೆ ಓದಲಾಗದ ಪುಟ ಓದಿದ. ಕೊರಟಗೆರೆ ಸೀಮೆಯ ಕುರಿಗಾರರ ಮನೆ. ಮಗ ಕ್ಯಾತಪ್ಪ, ಏಳು ವರ್ಷ. ಕುರಿ ಕಾಯುತ್ತ ಹುಣಸೆ ಮರದ ಕೆಳಗೆ ನಿದ್ದೆ ಹೋದ. ಎದ್ದು ಕಣ್ಣುಜ್ಜಿಕೊಂಡು ಬೇರೆಯವರ ಹಿಂಡಿನ ಹಿಂದೆ ಹೋದ. ತಾಯಿ ಮೂರು ವರ್ಷ ಸಂತೆ ಸಂತೆ ಹುಡುಕಿದಳು. ಕುರಿ ಒಂದೂ ಕಡಿಮೆಯಾಗಿರಲಿಲ್ಲ.

"ಒಳ್ಳೆ ಮನೆ ಸಾಮಿ. ಬೆಳ್ಳಿಯೋರಿಗೂ ನಿಮಗೂ ಏಳು ತಲೆಯಿಂದ ಹೆಣ್ಣು ಕೊಟ್ಟು ತರೋ ನೆಂಟಸ್ತನ. ನೀವು ಜೀರಿಗೆಯೋರು. ನಿಮ್ಮನ್ಯಾಗೆ ಜೀರಿಗೆ ತಿನ್ನಂಗಿಲ್ಲ, ಅಲ್ವಾ?"

ಎಲ್ಲೋ ಕಳೆದುಹೋದ ಆ ಹುಡುಗ, ಊರು ಮರೆತು, ಅಪ್ಪನ ಹೆಸರು ಮರೆತು, ಅವ್ವ ಹೇಳಿದ ಅದೊಂದು ಮಾತನ್ನು ಮಾತ್ರ ಸಾಯುವ ತನಕ ಹಿಡಿದುಕೊಂಡಿದ್ದ. ಮೊಮ್ಮಗ ಅದನ್ನು ಬೆಳಿಗ್ಗೆ ಆರಕ್ಕೆ ಅಳಿಸಿಹಾಕಿದ್ದ.

ಮನೆಗೆ ಬರುವಷ್ಟರಲ್ಲಿ ಪಾಲಪ್ಪನ ಫೋನು. "ಸಿರಾದೋರಿಗೆ ಹೂಂ ಅಂದ್ಬುಟ್ಟೆ ಕಣ್ಲಾ. ಮುಂದಿನ ತಿಂಗ್ಳು ಮದುವೆ. ಅಣ್ಣ ಅಂತ ನೀನೇ ನಿಂತು ನಡೆಸ್ಬೇಕು. ವಿಡಿಯೊದೋರ್ಗೂ ಬ್ಯಾಡ ಅಂದಿವ್ನಿ. ಮನೆ ಮಗನೇ ಇರುವಾಗ ಹೊರಗಿನೋರು ಯಾಕೆ?"

"ಆಯ್ತು, ದೊಡ್ಡಪ್ಪ," ಅಂದ ಓಬಳರಾಜು.

ಒಳಗೆ ಲಕ್ಷ್ಮಕ್ಕ ಎಂದೂ ಇಲ್ಲದ ಹುರುಪಿನಲ್ಲಿ ಓಡಾಡುತ್ತಿದ್ದಳು. ಮನೆಯೆಲ್ಲ ಅವನಿಗೆ ಪರಿಚಯವಿಲ್ಲದ ಘಮ. ತಟ್ಟೆಗೆ ಮುದ್ದೆ ಇಟ್ಟು, ಬಿಸಿ ಸಾರು ಬಿಟ್ಟು ಎದುರಿಗೆ ಕೂತಳು.

"ನಾವು ಬೆಳ್ಳಿಯೋರು ಅಂತ ಗೊತ್ತಾತಲ್ಲ ಮಗಾ. ಪಾಲಪ್ಪನ್ನ ಕೇಳ್ದೆ, ಬೆಳ್ಳಿಯೋರ್ಗೆ ಜೀರಿಗೆ ಏನೂ ದೋಷ ಇಲ್ವಂತೆ. ಅರವತ್ತು ವರ್ಷ ಆದ್ಮೇಲೆ ಇವತ್ತು ಕೈ ತುಂಬ ಹಾಕಿವ್ನಿ. ತಿನ್ನು."

ಅವನು ಅಜ್ಜಿಯ ಮುಖ ನೋಡಿದ. ಅಷ್ಟು ಸಂತೋಷವಾಗಿ ಅವಳನ್ನು ಅವನು ಯಾವತ್ತೂ ನೋಡಿರಲಿಲ್ಲ. ಒಂದು ತುತ್ತು ಮುರಿದು, ಸಾರಿನಲ್ಲಿ ಅದ್ದಿ, ಕಣ್ಣುಮುಚ್ಚಿ ನುಂಗಿದ. ಹಾಳಾದ ಸಾರು ಬಲು ರುಚಿಯಾಗಿತ್ತು.